ಥೆಲಿಟೋಕಿ: ಒಂದು ಚೀಟಿ

ಬ್ರಹ್ಮಪುರದ ಈ ಮಾಳಿಗೆ ಕೋಣೆಯಲ್ಲಿ
ಫ್ಯಾನಿನ ಗಾಳಿಗೆ ಹಾರದಂತೆ ಶಹಾಬಾದ್ ಕಲ್ಲಿನ ಚೂರಿಟ್ಟು
ಪದಕೋಶದ ಚೀಟಿ ಬರೆಯುತ್ತಿದ್ದೇನೆ.
'ತ' ಮುಗಿದು ಇವತ್ತು 'ಥ'ಕ್ಕೆ ಬಂದೆ.
ಥೆಲಿಟೋಕಿ.
ಬಾಯಲ್ಲಿಟ್ಟುಕೊಂಡರೆ ಯಾವುದೋ ಊರಿನ ಹೆಸರು,
ಸೇಡಂ ದಾಟಿದ ಮೇಲೆ ಪ್ಯಾಸೆಂಜರ್ ಗಾಡಿ
ಒಂದೇ ನಿಮಿಷ ನಿಲ್ಲುವಂಥದ್ದು.

ಅರ್ಥ: ಗಂಡಿನ ಹಂಗಿಲ್ಲದೆ ಹೆಣ್ಣು
ಹೆಣ್ಣನ್ನೇ ಹೆರುವುದು.
'ಹಂಗಿಲ್ಲದೆ' ಹೊಡೆದು ಹಾಕಿದರು ಸಂಪಾದಕರು,
'ನಿಷೇಕವಿಲ್ಲದೆ' ಎಂದು ಬರೆದರು ಕೆಂಪಿನಲ್ಲಿ.
ಸರಿ. ಹಂಗು ವಿಜ್ಞಾನದ ಮಾತಲ್ಲ.

ಗ್ರೀಕಿನಲ್ಲಿ ಥೇಲುಸ್ ಅಂದರೆ ಹೆಣ್ಣು. ಟೋಕೊಸ್, ಹೆರಿಗೆ.
ಅದೇ ಟೋಕೊಸ್‌ಗೆ ಬಡ್ಡಿ ಅಂತಲೂ ಅರ್ಥ:
ದುಡ್ಡು ಹಾಕಿದ ಮರಿ.
ನಗು ಬಂತು. ನಮ್ಮಲ್ಲೂ ವೃದ್ಧಿಯೇ ಸವೆದು ಬಡ್ಡಿಯಾದದ್ದು,
ಹೆತ್ತ ಮನೆಗೆ ಹತ್ತು ದಿನ ಹಿಡಿಯುವ ಮೈಲಿಗೆಯೂ ವೃದ್ಧಿಯೇ.
ಎಷ್ಟು ದೂರದ ಎರಡು ಭಾಷೆ
ಒಬ್ಬನೇ ಸಾಹುಕಾರನ ಕಟ್ಟೆಗೆ ಹೋಗಿ ಕೂತಿವೆ.

ಉದಾಹರಣೆ ಬೇಕು.
ಆಳಂದ ರಸ್ತೆಯ ಕುಸುಬಿ ಹೊಲಕ್ಕೆ ಹೋದೆ, ಪುಷ್ಯದ ಚಳಿ,
ಮುಳ್ಳು ಸೀರೆ ಹಿಡಿದು ಎಳೆಯಿತು.
ದಂಟಿನ ತುಂಬ ಕರಿ ಹೇನು,
ಎಳ್ಳು ಮೆತ್ತಿದ ಸಜ್ಜಿ ರೊಟ್ಟಿಯಂತೆ.
ಭೂತಗನ್ನಡಿ ಹಿಡಿದೆ.
ಒಂದು ತಾಯಿ ನಿಂತಲ್ಲೇ ಹೆರುತ್ತಿತ್ತು,
ಮೊಟ್ಟೆಯಲ್ಲ, ಕಾಲು ಕಣ್ಣು ಮೂಡಿದ ಮಗಳು,
ಆ ಮಗಳ ಹೊಟ್ಟೆಯಲ್ಲಾಗಲೇ ಮೊಮ್ಮಗಳು.
ಸೂಲಗಿತ್ತಿಯಿಲ್ಲ, ಕುಬಸವಿಲ್ಲ,
ಹೊಸ್ತಿಲ ಹೊರಗೆ ಕೂತು ಬೀಡಿ ಸೇದುತ್ತ
'ಏನಾತು?' ಅನ್ನುವವನಿಲ್ಲ.

'ಏನಾತು?'
ನಮ್ಮವ್ವ ಕಸ್ತೂರಬಾಯಿ ಒಳಗಿನಿಂದ ಐದು ಸಲ ಕೇಳಿಸಿಕೊಂಡ ಮಾತು.
ಮೂರು ಸಲ ಹುಸೇನ್‌ಬಿ ಬಾಗಿಲ ಸಂದಿಯಿಂದ
'ಲಕ್ಷ್ಮಿ ಬಂದಾಳ್ರಿ' ಅಂದಳು,
ನಾಲ್ಕನೆಯದಕ್ಕೆ ಅದನ್ನೇ ದನಿ ಇಳಿಸಿ.
ಐದನೆಯದಕ್ಕೆ (ಅದು ನಾನು)
ಬರೇ ಬಿಸಿನೀರು ಕೇಳಿದಳಂತೆ.
ಅಪ್ಪ ಎದ್ದು ಹೋದ. ಹೋದವನು ಸಂಜೆಗೆ
ಒಂದು ಕಿಲೋ ಮಾಲ್ಪುರಿ ತಂದ, ಮಾತಾಡದೆ ಇಟ್ಟ.
ಓಣಿ ಬಿಡಲಿಲ್ಲ. ಹೆಣ್ ಹಡಿಯೋ ಮನಿ ಅಂತ ಹೆಸರಿಟ್ಟಿತು,
ಪೋಸ್ಟಿನವನೂ ಅದೇ ಗುರುತು ಹೇಳುತ್ತಿದ್ದ.

ಹೇನಿನ ಮಗಳು ತಾಯಿಯ ಪಡಿಯಚ್ಚು.
ನಾವು ಹಾಗಲ್ಲ. ಒಂದೇ ಹಸಿರು ಲಂಗ ಐವರ ಮೈಮೇಲೆ
ಐದು ಥರ ಹರಿಯಿತು.
ದಂಟು ಇಕ್ಕಟ್ಟಾದಾಗ ಅವುಗಳಿಗೆ
ರೆಕ್ಕೆಯ ಮಗಳು ಹುಟ್ಟುತ್ತಾಳಂತೆ.
ನಮ್ಮಲ್ಲಿ ಮೂರನೆಯ ಅಕ್ಕನಿಗೆ ಸೈಕಲ್ ಸಿಕ್ಕಿತು.

ಓಣಿಯ ಮಾತನ್ನೇ ತಿದ್ದಿ ಕಮಿಟಿಗೆ ಕೊಟ್ಟೆ: ಹೆಣ್ಣುಹಡಿಕೆ.
ಗ್ರಾಮ್ಯ ಅಂದರು ಒಬ್ಬರು.
ಬೈಗುಳದ ವಾಸನಿ ಬರ್ತದ್ರೀ ಅಂದರು ಇನ್ನೊಬ್ಬರು.
ಸ್ತ್ರೀಪ್ರಜನಕ ಅನಿಷೇಕಜನನ ಎಂದು ತೀರ್ಮಾನವಾಯಿತು,
ಚಹಾ ಬಂತು.
ಅದನ್ನು ಒಮ್ಮೆ ಪೂರ್ತಿ ಉಚ್ಚರಿಸುವಷ್ಟರಲ್ಲಿ
ಆ ಹೊಲದಲ್ಲಿ ಎಷ್ಟು ಮಂದಿ ಹುಟ್ಟಿದರೋ.
ಎದುರುಪದ ಅರ್ರೆನೊಟೋಕಿ, 'ಅ'ದಲ್ಲೇ ಬರೆದಾಗಿತ್ತು:
ಜೇನಿನ ಗಂಡುನೊಣಕ್ಕೆ ಅಪ್ಪನಿಲ್ಲ, ಅಜ್ಜನಿದ್ದಾನೆ.
ಅದಕ್ಕೆ ಯಾರೂ ತಕರಾರು ಎತ್ತಿರಲಿಲ್ಲ.

ರಾತ್ರಿ ಅವ್ವಗೆ ಫೋನಿನಲ್ಲಿ ಹೇಳಿದೆ:
ಗಂಡೇ ಬ್ಯಾಡ ಅದಕ್ಕ, ಬರೇ ಹೆಣ್ಣೇ ಹಡೀತದ.
ಆ ಕಡೆ ಕುಕ್ಕರು ಕೂಗಿತು,
ಅಕ್ಕನ ಮಗಳು ಯಾರಿಗೋ ನಗುತ್ತಿದ್ದಳು.
'ಹೌದಾ? ಮತ್ತ ಅದಕ್ಕ ಬೈಯವ್ರು ಯಾರು?'

ಪ್ರಯೋಗ ಅನ್ನುವ ಸಾಲು ಇನ್ನೂ ಖಾಲಿಯಿತ್ತು.
ಪೆನ್ಸಿಲಿನಲ್ಲಿ ಅದನ್ನೇ ಬರೆದು
ಕಲ್ಲಿನಡಿ ಇಟ್ಟೆ.